ಐರ್ಲೆಂಡ್‌ನಲ್ಲಿ ಸಿನಿಮಾ ನಟನೆಯನ್ನು ವೃತ್ತಿಯಾಗಿಸಿಕೊಳ್ಳುವುದು ಹೇಗೆ

ಐರಿಷ್ ನಟ ಪಾಲ್ ಮೆಸ್ಕಲ್ 2020ರಲ್ಲಿ 'ನಾರ್ಮಲ್ ಪೀಪಲ್' ಎಂಬ ಒಂದೇ ಒಂದು ಟಿವಿ ಸರಣಿಯಿಂದ ಜಗತ್ತಿಗೆಲ್ಲ ಪರಿಚಿತರಾದರು ಎಂದು ಎಲ್ಲರೂ ಹೇಳುತ್ತಾರೆ. ಅದರ ಹಿಂದಿನ ವರ್ಷಗಳ ಲೆಕ್ಕ ಹೇಳುವವರು ಕಡಿಮೆ. ಡಬ್ಲಿನ್‌ನ ಲಿರ್ ಅಕಾಡೆಮಿಯಲ್ಲಿ ನಟನೆಯ ಪದವಿ, 2017ರಲ್ಲಿ ಹೊರಬಿದ್ದ ಮೇಲೆ ಗೇಟ್ ಥಿಯೇಟರ್‌ನಲ್ಲಿ ಮುಖ್ಯ ಪಾತ್ರ, ಆಮೇಲೆ ಒಂದರ ಹಿಂದೆ ಒಂದು ನಾಟಕ. ಇವಿಷ್ಟೂ ಆದ ಮೇಲೆ ಆ ಸರಣಿ ಬಂತು. ಬ್ಯಾರಿ ಕಿಯೋಗನ್ ಅವರ ದಾರಿ ಬೇರೆ. ಡಬ್ಲಿನ್‌ನ ಸಮ್ಮರ್‌ಹಿಲ್‌ನಲ್ಲಿ ಬೆಳೆದ ಅವರು ಪದವಿಯಿಲ್ಲದೆ ಒಂದು ಸಣ್ಣ ಸ್ವತಂತ್ರ ಚಿತ್ರದಿಂದ ಶುರು ಮಾಡಿದರು, ದಿ ಫ್ಯಾಕ್ಟರಿ ಎಂಬಲ್ಲಿ ಕ್ಯಾಮೆರಾ ನಟನೆ ಕಲಿತರು, ದೇಶದ ಸಾರ್ವಜನಿಕ ವಾಹಿನಿಯಾದ ಆರ್‌ಟಿಇಯ ಸರಣಿಯಲ್ಲಿ ಕಾಣಿಸಿಕೊಂಡರು, 2023ರಲ್ಲಿ ಆಸ್ಕರ್ ನಾಮನಿರ್ದೇಶನದವರೆಗೆ ತಲುಪಿದರು. ಸರ್ಶಾ ರೋನನ್ ಕೂಡ ಬಾಲ್ಯದಲ್ಲಿ ಆರ್‌ಟಿಇ ಧಾರಾವಾಹಿಯೊಂದರಲ್ಲೇ ಮೊದಲ ಹೆಜ್ಜೆ ಇಟ್ಟವರು.

ಮೂವರಲ್ಲೂ ಸಮಾನವಾದದ್ದು ಒಂದೇ. ಮೊದಲ ಕೆಲಸ ಸಿಕ್ಕಿದ್ದು ಐರ್ಲೆಂಡ್‌ನೊಳಗೆ. ಲಂಡನ್‌ಗೋ ಲಾಸ್ ಏಂಜಲೀಸ್‌ಗೋ ಮೊದಲೇ ಹಾರುವ ಯೋಚನೆಯಿದ್ದರೆ ಅದನ್ನು ಸ್ವಲ್ಪ ಕಾಲ ಬದಿಗಿಡಿ. ದೇಶ ಚಿಕ್ಕದು, ಪಾತ್ರಗಳಿಗೆ ನಟರನ್ನು ಆರಿಸುವ ಕಾಸ್ಟಿಂಗ್ ಡೈರೆಕ್ಟರ್‌ಗಳು ಬೆರಳೆಣಿಕೆಯಷ್ಟು. ಅವರಿಗೆ ನಿಮ್ಮ ಮುಖ ಪರಿಚಯವಾಗುವುದು ಲಂಡನ್‌ಗಿಂತ ಡಬ್ಲಿನ್‌ನಲ್ಲಿ ಎಷ್ಟೋ ಸುಲಭ.

ಹದಿನಾರು ತುಂಬದವರಿಗೆ

16 ವರ್ಷ ತುಂಬದ ಮಗುವನ್ನು ಚಿತ್ರೀಕರಣಕ್ಕೆ ಕರೆದುಕೊಳ್ಳಬೇಕಾದರೆ 1996ರ ಯುವಜನರ ಉದ್ಯೋಗ ರಕ್ಷಣಾ ಕಾಯ್ದೆಯ ಪ್ರಕಾರ ಲೈಸೆನ್ಸ್ ಬೇಕು. ಇದನ್ನು ಪಡೆಯುವುದು ನಿರ್ಮಾಪಕರ ಜವಾಬ್ದಾರಿ, ಹೆತ್ತವರದಲ್ಲ. ಆದರೆ ಹೆತ್ತವರ ಒಪ್ಪಿಗೆ ಬೇಕು, ಶಾಲೆ ತಪ್ಪುವ ದಿನಗಳಿಗೆ ಪಾಠದ ವ್ಯವಸ್ಥೆಯಾಗಬೇಕು, ಸೆಟ್‌ನಲ್ಲಿ ಹೆತ್ತವರೋ ಮಗುವನ್ನು ನೋಡಿಕೊಳ್ಳಲು ನೇಮಿಸಿದ ಚಾಪರೋನೋ ಜೊತೆಗಿರಬೇಕು. ಲೈಸೆನ್ಸ್ ವಿಷಯ ಎತ್ತಿದಾಗ "ಅದೇನು ಬೇಕಾಗಿಲ್ಲ, ಒಂದೇ ದಿನದ ಕೆಲಸ" ಎನ್ನುವ ನಿರ್ಮಾಣದಲ್ಲಿ ಮಗುವನ್ನು ಸೇರಿಸಬೇಡಿ. ಕಾಗದದ ಕೆಲಸದಲ್ಲಿ ಉಡಾಫೆ ಮಾಡುವವರು ಊಟ, ವಿಶ್ರಾಂತಿ, ಕೆಲಸದ ಗಂಟೆಗಳ ವಿಷಯದಲ್ಲೂ ಹಾಗೆಯೇ ಇರುತ್ತಾರೆ.

ಈ ವಯಸ್ಸಿನಲ್ಲಿ ಏಜೆಂಟ್ ಹುಡುಕಿ ಅಲೆಯುವುದಕ್ಕಿಂತ ಊರಿನ ಯೂತ್ ಥಿಯೇಟರ್ ಸೇರುವುದು ಒಳ್ಳೆಯದು. ಯೂತ್ ಥಿಯೇಟರ್ ಐರ್ಲೆಂಡ್ ಎಂಬ ಸಂಸ್ಥೆಯಡಿ ದೇಶದುದ್ದಕ್ಕೂ ಇಂಥ ತಂಡಗಳಿವೆ. ಶಾಲೆಯ ಕೊನೆಯ ಪರೀಕ್ಷೆಯಾದ ಲೀವಿಂಗ್ ಸರ್ಟ್ ಓದು ಶುರುವಾಗುವ ಮುಂಚೆ ಸಿಗುವ ಟ್ರಾನ್ಸಿಷನ್ ಇಯರ್ ಇದಕ್ಕೆ ಹೇಳಿ ಮಾಡಿಸಿದ ಕಾಲ. ಪರೀಕ್ಷೆಯ ಒತ್ತಡವಿಲ್ಲದ ಆ ವರ್ಷದಲ್ಲಿ ಒಂದಾದರೂ ಪೂರ್ಣ ಪ್ರಮಾಣದ ನಾಟಕ ಮಾಡಿಬಿಡಿ.

ಐರಿಷ್ ಭಾಷೆ ಚೆನ್ನಾಗಿ ಬರುವವರು ಅದನ್ನು ಬಿಡಬೇಡಿ. ಐರಿಷ್ ಭಾಷೆಯ ಟಿಜಿ4 ವಾಹಿನಿಯ ರೋಸ್ ನಾ ರೂನ್ ಧಾರಾವಾಹಿ 1996ರಿಂದ ಗಾಲ್ವೇ ಕೌಂಟಿಯ ಸ್ಪಿಡಲ್‌ನಲ್ಲಿ ಚಿತ್ರೀಕರಣವಾಗುತ್ತಿದೆ. ಸಿನೆ4 ಯೋಜನೆಯಿಂದ ಐರಿಷ್ ಭಾಷೆಯ ಚಲನಚಿತ್ರಗಳಿಗೆ ಹಣ ಸಿಗುತ್ತಿದೆ. ಆ ಯೋಜನೆಯಲ್ಲಿ ತಯಾರಾದ ಆನ್ ಕಾಲೀನ್ ಕ್ಯೂನ್ ಚಿತ್ರ 2023ರಲ್ಲಿ ಆಸ್ಕರ್‌ನ ಅಂತರರಾಷ್ಟ್ರೀಯ ಚಿತ್ರ ವಿಭಾಗಕ್ಕೆ ನಾಮನಿರ್ದೇಶನಗೊಂಡಿತು. ಅದರ ಮುಖ್ಯ ಪಾತ್ರದಲ್ಲಿದ್ದ ಕ್ಯಾಥರಿನ್ ಕ್ಲಿಂಚ್ ಆಗಿನ್ನೂ ಶಾಲಾ ಬಾಲಕಿ. ನಿರರ್ಗಳವಾಗಿ ಐರಿಷ್ ಮಾತಾಡುವ ಯುವ ನಟರ ಸಂಖ್ಯೆ ಚಿಕ್ಕದಾದ್ದರಿಂದ ಅಲ್ಲಿ ಪೈಪೋಟಿಯೂ ಕಡಿಮೆ.

ಎಲ್ಲಿ ಕಲಿಯುವುದು

ಟ್ರಿನಿಟಿ ಕಾಲೇಜಿನ ಲಿರ್ ಅಕಾಡೆಮಿ 2011ರಲ್ಲಿ ಶುರುವಾಯಿತು. ಲಂಡನ್‌ನ ರಾಡಾ ನಾಟಕ ಶಾಲೆಯ ಜೊತೆ ಅದಕ್ಕೆ ಸಂಬಂಧವಿದೆ. ನಟನೆಯ ಪದವಿ ಮೂರು ವರ್ಷದ್ದು. ಇಲ್ಲಿ ಲೀವಿಂಗ್ ಸರ್ಟ್ ಅಂಕಗಳಿಗಿಂತ ಆಡಿಷನ್ನೇ ನಿರ್ಣಾಯಕ. ಟೆಂಪಲ್ ಬಾರ್‌ನಲ್ಲಿರುವ ಗೇಯಟಿ ಸ್ಕೂಲ್ ಆಫ್ ಆಕ್ಟಿಂಗ್ 1986ರಿಂದ ನಡೆಯುತ್ತಿದೆ. ಸ್ಮಿತ್‌ಫೀಲ್ಡ್‌ನ ಬೋ ಸ್ಟ್ರೀಟ್ ಅಕಾಡೆಮಿ ಕ್ಯಾಮೆರಾ ನಟನೆಗೇ ಮೀಸಲು. ಕಿಯೋಗನ್ ಕಲಿತ ದಿ ಫ್ಯಾಕ್ಟರಿಯೇ ಮುಂದೆ ಈ ಹೆಸರು ಪಡೆಯಿತು.

ಯಾವುದನ್ನು ಆರಿಸಬೇಕು? ದನಿ, ದೇಹ, ಉಚ್ಚಾರ ಮೂರೂ ಇನ್ನೂ ಹಸಿಯಾಗಿದ್ದರೆ ಮೂರು ವರ್ಷದ ಪದವಿಯೇ ಸರಿ. ರಂಗಭೂಮಿಯಲ್ಲಿ ಪಳಗಿದ್ದು ಲೆನ್ಸ್ ಮುಂದೆ ಮಾತ್ರ ಅಭಿನಯ ದೊಡ್ಡದಾಗುತ್ತಿದ್ದರೆ ಬೋ ಸ್ಟ್ರೀಟ್‌ನಂಥ ಕಡೆಯ ಚಿಕ್ಕ ಕೋರ್ಸ್ ಸಾಕು. ಪದವಿಯ ಆಡಿಷನ್‌ಗೆ ಸಾಮಾನ್ಯವಾಗಿ ಒಂದು ಶೇಕ್ಸ್‌ಪಿಯರ್ ಕಾಲದ ಸ್ವಗತ, ಒಂದು ಆಧುನಿಕ ಸ್ವಗತ ಸಿದ್ಧವಿರಬೇಕು. ಹೆಚ್ಚಿನವರು ಎಡವುವುದು ಆಯ್ಕೆಯಲ್ಲೇ. ಹದಿನೆಂಟರ ಹುಡುಗ ಐವತ್ತರ ರಾಜನ ಮಾತು ಹೇಳಿದರೆ ಅವನ ನಿಜವಾದ ಸಾಮರ್ಥ್ಯ ಕಾಣುವುದೇ ಇಲ್ಲ. ನಿಮ್ಮ ವಯಸ್ಸಿನ ಪಾತ್ರ, ಎರಡು ನಿಮಿಷದೊಳಗೆ ಮುಗಿಯುವಂಥದ್ದು, ಒಬ್ಬ ನಿರ್ದಿಷ್ಟ ವ್ಯಕ್ತಿಗೆ ಹೇಳುವ ಮಾತು: ಹೀಗೆ ಆರಿಸಿಕೊಳ್ಳಿ.

ಶೋರೀಲ್ ಮತ್ತು ಏಜೆಂಟ್

ನಿಮ್ಮ ಅಭಿನಯದ ತುಣುಕುಗಳನ್ನು ಜೋಡಿಸಿದ ಶೋರೀಲ್‌ಗೆ ಬೇಕಾದ ದೃಶ್ಯಗಳನ್ನು ದುಡ್ಡು ಕೊಟ್ಟು ಚಿತ್ರಿಸಿಕೊಳ್ಳುವ ಬದಲು ಡನ್ ಲೇರಿಯ ನ್ಯಾಷನಲ್ ಫಿಲ್ಮ್ ಸ್ಕೂಲ್ ವಿದ್ಯಾರ್ಥಿಗಳ ಕಿರುಚಿತ್ರಗಳಲ್ಲಿ ನಟಿಸಿ. ಸಂಬಳ ಸಿಗದಿರಬಹುದು, ಆದರೆ ಬೆಳಕು, ಧ್ವನಿ, ಸಂಕಲನ ಚೆನ್ನಾಗಿರುತ್ತವೆ. ಒಪ್ಪಿಕೊಳ್ಳುವ ಮುನ್ನವೇ "ನನ್ನ ದೃಶ್ಯಗಳ ಕಾಪಿ ಇಂಥ ತಾರೀಖಿನೊಳಗೆ ಕೊಡುತ್ತೀರಾ" ಎಂದು ಬರಹದಲ್ಲಿ ಕೇಳಿಕೊಳ್ಳಿ. ಕೆಲಸ ಮುಗಿದ ಮೇಲೆ ಕೇಳಿದರೆ ವರ್ಷ ಉರುಳುತ್ತದೆ.

ಶೋರೀಲ್ ಎರಡು ನಿಮಿಷ ದಾಟದಿರಲಿ. ಮೊದಲ ಶಾಟ್‌ನಲ್ಲೇ ನಿಮ್ಮ ಮುಖ ಕಾಣಬೇಕು, ಎದುರಿನ ನಟನದಲ್ಲ. ಸಂಗೀತ ಹಾಕಿದ ಮಾಂಟಾಜ್ ಬೇಡವೇ ಬೇಡ. ಅದರಲ್ಲಿ ನೀವು ಹೇಗೆ ಮಾತಾಡುತ್ತೀರಿ, ಹೇಗೆ ಕೇಳಿಸಿಕೊಳ್ಳುತ್ತೀರಿ ಎಂಬುದು ತಿಳಿಯುವುದಿಲ್ಲ. ಹೆಡ್‌ಶಾಟ್, ಅಂದರೆ ಮುಖದ ಫೋಟೋ, ಇವತ್ತಿನ ನಿಮ್ಮ ಮುಖದಂತಿದ್ದರೆ ಸಾಕು.

ಏಜೆಂಟ್‌ಗೆ ಬರೆಯುವ ಮೊದಲು ಅವರ ವೆಬ್‌ಸೈಟ್‌ನಲ್ಲಿರುವ ನಟರ ಪಟ್ಟಿ ನೋಡಿ. ನಿಮ್ಮದೇ ವಯಸ್ಸು, ನಿಮ್ಮದೇ ಮೈಕಟ್ಟಿನ ನಾಲ್ವರು ಈಗಾಗಲೇ ಇದ್ದರೆ ಐದನೆಯವರಿಗೆ ಜಾಗ ಸಿಗುವುದು ಕಷ್ಟ. ಪತ್ರ ಆರೇಳು ಸಾಲು ಇರಲಿ: ಹೆಸರು, ಕಲಿತದ್ದು, ಇತ್ತೀಚಿನ ಕೆಲಸ, ಶೋರೀಲ್ ಲಿಂಕ್, ಮುಂದೆ ರಂಗದ ಮೇಲೆ ಎಲ್ಲಿ ಯಾವಾಗ ನೋಡಬಹುದು. ವೀಡಿಯೊ ಫೈಲ್ ಲಗತ್ತಿಸಬೇಡಿ. ಇಪ್ಪತ್ತು ಏಜೆನ್ಸಿಗೆ ಒಂದೇ ಮೇಲ್ ಕಳಿಸಿದರೆ ಅದು ಗೊತ್ತಾಗಿಯೇ ಆಗುತ್ತದೆ. ನಾಟಕಕ್ಕೆ ಆಹ್ವಾನಿಸುವುದಾದರೆ ಮೂರು ವಾರ ಮೊದಲೇ ಬರೆಯಿರಿ. ಉತ್ತರ ಬರದಿದ್ದರೆ ಆರು ವಾರದ ನಂತರ ಒಮ್ಮೆ ನೆನಪಿಸಿ, ಅಷ್ಟೇ.

ಏಜೆಂಟ್ ಕಮಿಷನ್ ಸಾಮಾನ್ಯವಾಗಿ ಶೇ. 10ರಿಂದ 15, ಅದರ ಮೇಲೆ ವ್ಯಾಟ್. 2,000 ಯೂರೋ ಸಂಭಾವನೆಗೆ ಶೇ. 12.5 ಕಮಿಷನ್ ಎಂದರೆ 250 ಯೂರೋ, ಅದಕ್ಕೆ ಶೇ. 23 ವ್ಯಾಟ್ ಸೇರಿ 307.50. ನಿಮ್ಮ ಕೈಗೆ ಬರುವುದು 1,692.50, ಅದೂ ತೆರಿಗೆಗೆ ಮುಂಚೆ. ಕೆಲಸ ಕೊಡಿಸುವ ಮೊದಲೇ ನೋಂದಣಿ ಶುಲ್ಕ ಕೇಳುವವರು, ತಮ್ಮದೇ ಫೋಟೋಗ್ರಾಫರ್ ಹತ್ತಿರ ಫೋಟೋ ತೆಗೆಸಲೇಬೇಕು ಎನ್ನುವವರು ಏಜೆಂಟ್‌ಗಳಲ್ಲ. ಅಲ್ಲಿಂದ ಎದ್ದು ಬನ್ನಿ.

ಸೆಲ್ಫ್ ಟೇಪ್

ಆಡಿಷನ್ನನ್ನು ನೀವೇ ಮನೆಯಲ್ಲಿ ಚಿತ್ರಿಸಿ ಕಳಿಸುವುದು: ಈ ವೃತ್ತಿಯಲ್ಲಿ ಈಗ ಅತಿ ಹೆಚ್ಚು ಬಾರಿ ಮಾಡಬೇಕಾದ ಕೆಲಸ ಇದು. ಡಬ್ಲಿನ್‌ನಲ್ಲಿ ಕೂತು ಲಂಡನ್‌ನ ಪಾತ್ರಕ್ಕೆ ಪ್ರಯತ್ನಿಸಲು ಸಾಧ್ಯವಾಗಿರುವುದೂ ಇದರಿಂದಲೇ. ಸ್ಕ್ರಿಪ್ಟ್ ಪುಟಗಳು ಬಂದು ಒಂದೆರಡು ದಿನದೊಳಗೆ ಕಳಿಸಬೇಕಾಗುತ್ತದೆ. ಹಾಗಾಗಿ ಮನೆಯ ಒಂದು ಮೂಲೆಯನ್ನು ಮೊದಲೇ ಸಜ್ಜು ಮಾಡಿಡಿ.

ಫೋನ್‌ನ ಹಿಂಬದಿ ಕ್ಯಾಮೆರಾ ಸಾಕು. ಫೋನ್ ಅಡ್ಡಲಾಗಿ ಟ್ರೈಪಾಡ್ ಮೇಲೆ, ಲೆನ್ಸ್ ನಿಮ್ಮ ಕಣ್ಣಿನ ಮಟ್ಟಕ್ಕೆ ಇರಲಿ. ಒಂದೂವರೆಯಿಂದ ಎರಡು ಮೀಟರ್ ದೂರದಲ್ಲಿಟ್ಟು 2ಎಕ್ಸ್ ಲೆನ್ಸ್ ಬಳಸಿ. ಹತ್ತಿರದಿಂದ ವೈಡ್ ಲೆನ್ಸ್‌ನಲ್ಲಿ ತೆಗೆದರೆ ಮೂಗು ಉಬ್ಬಿ, ಕಿವಿ ಹಿಂದೆ ಸರಿದು ಮುಖವೇ ಬದಲಾಗುತ್ತದೆ. 1080ಪಿ, ಸೆಕೆಂಡಿಗೆ 25 ಫ್ರೇಮ್ ಆಯ್ಕೆ ಮಾಡಿ. ಐರ್ಲೆಂಡ್‌ನ ವಿದ್ಯುತ್ 50 ಹರ್ಟ್ಸ್‌ನದ್ದು, 30 ಫ್ರೇಮ್‌ನಲ್ಲಿ ತೆಗೆದರೆ ಕೆಲವು ಬಲ್ಬುಗಳ ಬೆಳಕು ಮಿಣುಕುವಂತೆ ಕಾಣಬಹುದು.

ಹಿನ್ನೆಲೆ ಬೂದು ಅಥವಾ ತಿಳಿ ನೀಲಿಯ ಸಾದಾ ಗೋಡೆ ಇಲ್ಲವೇ ಬಟ್ಟೆ. ಅದರಿಂದ ಒಂದು ಮೀಟರ್ ಮುಂದೆ ನಿಂತರೆ ನೆರಳು ಬೀಳುವುದಿಲ್ಲ. ಎರಡು ಮೃದು ದೀಪಗಳನ್ನು ಎರಡೂ ಬದಿಗೆ 45 ಡಿಗ್ರಿಯಲ್ಲಿ, ಕಣ್ಣಿಗಿಂತ ತುಸು ಮೇಲೆ ಇಡಿ. ಕಿಟಕಿ ಬೆಳಕನ್ನು ನೆಚ್ಚಬೇಡಿ. ಅಟ್ಲಾಂಟಿಕ್‌ನಿಂದ ಬರುವ ಮೋಡ ಒಂದು ಟೇಕ್‌ನೊಳಗೇ ಮೂರು ಬಾರಿ ಬೆಳಕು ಬದಲಿಸುತ್ತದೆ, ಫೋನ್ ಅದಕ್ಕೆ ತಕ್ಕಂತೆ ಮುಖವನ್ನು ಒಮ್ಮೆ ಕಪ್ಪಗೆ, ಒಮ್ಮೆ ಬೆಳ್ಳಗೆ ಮಾಡುತ್ತದೆ. ದೀಪ ಹಾಕಿದರೆ ಪರದೆ ಎಳೆಯಿರಿ, ಫೋಕಸ್ ಮತ್ತು ಎಕ್ಸ್‌ಪೋಶರ್ ಲಾಕ್ ಮಾಡಿ.

ಫ್ರೇಮ್ ಎದೆಯ ಮಧ್ಯದಿಂದ ತಲೆಯ ಮೇಲೆ ಸ್ವಲ್ಪ ಜಾಗದವರೆಗೆ. ಎದುರು ಪಾತ್ರದ ಮಾತು ಓದುವವರು ಲೆನ್ಸ್‌ಗೆ ಅಂಟಿಕೊಂಡಂತೆ, ನಿಮ್ಮ ಕಣ್ಣಿನ ಎತ್ತರದಲ್ಲೇ ನಿಲ್ಲಬೇಕು. ಅವರು ಎರಡು ಅಡಿ ಪಕ್ಕಕ್ಕೆ ಹೋದರೂ ನಿಮ್ಮ ಒಂದೇ ಕಣ್ಣು ಕಾಣುತ್ತದೆ, ಅಲ್ಲಿಗೆ ಅರ್ಧ ಅಭಿನಯ ಹೋದಂತೆ. ಕ್ಯಾಮೆರಾಗೆ ಹತ್ತಿರವಿರುವುದರಿಂದ ಅವರ ದನಿಯೇ ಜೋರಾಗಿ ದಾಖಲಾಗುತ್ತದೆ, ಮೆಲ್ಲಗೆ ಓದಲು ಹೇಳಿ. ಓದುವವರು ಅಭಿನಯಿಸಬೇಕಾಗಿಲ್ಲ, ಆದರೆ ನಿಮ್ಮನ್ನು ನೋಡುತ್ತಾ ಓದಬೇಕು. ಕೋಣೆ ಪ್ರತಿಧ್ವನಿಸಿದರೆ ಕ್ಯಾಮೆರಾ ಹಿಂದೆ ದಪ್ಪ ಹೊದಿಕೆ ತೂಗುಹಾಕಿ.

ಮಾತು ಪೂರ್ತಿ ಬಾಯಿಗೆ ಬಂದಿರದಿದ್ದರೆ ಹಾಳೆ ಕೈಯಲ್ಲಿ ಹಿಡಿಯಬಹುದು. ಹಾಳೆಯಿಲ್ಲದೆ ನಿಂತು ಮುಂದಿನ ಸಾಲನ್ನು ಹುಡುಕುವ ಕಣ್ಣುಗಳು ಅದಕ್ಕಿಂತ ಕೆಟ್ಟದ್ದು. ಎರಡು ಟೇಕ್ ಕಳಿಸುವುದಾದರೆ ಅವು ನಿಜಕ್ಕೂ ಬೇರೆಬೇರೆ ಇರಬೇಕು. ಮೊದಲನೆಯದರಲ್ಲಿ ಪಾತ್ರಕ್ಕೆ ಎದುರಿನವರ ಕ್ಷಮೆ ಬೇಕಾಗಿದ್ದರೆ ಎರಡನೆಯದರಲ್ಲಿ ಅವರು ಹೊರಟುಹೋಗುವುದೇ ಬೇಕಾಗಿರಲಿ. ಅದೇ ಅಭಿನಯವನ್ನು ತುಸು ಜೋರಾಗಿ ಮಾಡುವುದು ಎರಡನೇ ಟೇಕ್ ಅಲ್ಲ. ಉಚ್ಚಾರದ ವಿಷಯದಲ್ಲಿ ಪ್ರಾಮಾಣಿಕರಾಗಿರಿ: ಬೆಲ್‌ಫಾಸ್ಟ್ ಮಾತು ಬರುತ್ತದೆ ಎಂದು ಸಿವಿಯಲ್ಲಿ ಬರೆದಿದ್ದರೆ ನಾಳೆಯೇ ಅದರಲ್ಲಿ ಟೇಪ್ ಕೇಳಬಹುದು.

ಕೊನೆಗೆ ಸ್ಲೇಟ್, ಅಂದರೆ ನಿಮ್ಮ ಪರಿಚಯದ ತುಣುಕು, ಪ್ರತ್ಯೇಕ ಫೈಲ್ ಆಗಿ. ಇಲ್ಲಿ ಮಾತ್ರ ಲೆನ್ಸ್ ನೋಡಿ ಹೆಸರು, ಎತ್ತರ, ಏಜೆಂಟ್ ಹೆಸರು ಹೇಳಿ, ಎರಡೂ ಪಕ್ಕ ತಿರುಗಿ, ನಂತರ ಪೂರ್ತಿ ದೇಹ ತೋರಿಸಿ. ಎಂಪಿ4 ಆಗಿ ಉಳಿಸಿ, ಫೈಲ್ ಹೆಸರಿನಲ್ಲಿ ನಿಮ್ಮ ಹೆಸರು, ಪಾತ್ರ, ದೃಶ್ಯ ಸಂಖ್ಯೆ ಇರಲಿ. ಕಾಸ್ಟಿಂಗ್ ಆಫೀಸಿನ ಸೂಚನೆ ಇದಕ್ಕಿಂತ ಬೇರೆಯಾಗಿದ್ದರೆ ಅದನ್ನೇ ಪಾಲಿಸಿ. ಕಳಿಸಿದ ಮೇಲೆ ಏನಾಯಿತೆಂದು ಕೇಳಬೇಡಿ. ಉತ್ತರ ಬಾರದಿರುವುದೇ ಇಲ್ಲಿನ ವಾಡಿಕೆ, ಅದು ನಿಮ್ಮ ಅಭಿನಯದ ಮೇಲಿನ ತೀರ್ಪಲ್ಲ. ದಿನಾಂಕಗಳಿಗೆ ನಿಮ್ಮನ್ನು "ಪೆನ್ಸಿಲ್" ಮಾಡಿದ್ದಾರೆ ಎಂದರೂ ಪಾತ್ರ ಸಿಕ್ಕಿತು ಎಂದಲ್ಲ, ಬೇರೆ ಕೆಲಸ ಬಂದರೆ ತಿಳಿಸಿ ಎಂದಷ್ಟೇ.

ಮೊದಲ ಕೆಲಸಗಳು, ಹಣ

ಸೆಕ್ಷನ್ 481 ಎಂಬ ತೆರಿಗೆ ರಿಯಾಯಿತಿಯಡಿ ನಿರ್ಮಾಪಕರಿಗೆ ಸಾಮಾನ್ಯವಾಗಿ ಅರ್ಹ ವೆಚ್ಚದ ಶೇ. 32ರವರೆಗೆ ಮರಳಿ ಸಿಗುತ್ತದೆ. ಹೊರದೇಶದ ದೊಡ್ಡ ನಿರ್ಮಾಣಗಳು ವಿಕ್ಲೋದ ಆರ್ಡ್‌ಮೋರ್, ಆಶ್‌ಫರ್ಡ್, ಲಿಮರಿಕ್‌ನ ಟ್ರಾಯ್ ಸ್ಟುಡಿಯೋಗಳಿಗೆ ಬರಲು ಇದೊಂದು ಮುಖ್ಯ ಕಾರಣ. ಮುಖ್ಯ ಪಾತ್ರಗಳು ಬೇರೆಡೆ ತೀರ್ಮಾನವಾಗಿದ್ದರೂ ನಾಲ್ಕು ಸಾಲಿನ ಪೊಲೀಸ್, ನರ್ಸ್, ಕಾವಲುಗಾರನನ್ನು ವಿಮಾನದಲ್ಲಿ ಕರೆಸುವುದು ದುಬಾರಿ. ಆ ಪಾತ್ರಗಳೇ ನಿಮ್ಮ ಮೊದಲ ಕ್ರೆಡಿಟ್. ಮಾತಿಲ್ಲದೆ ಗುಂಪಿನಲ್ಲಿ ಕಾಣಿಸಿಕೊಳ್ಳುವ ಎಕ್ಸ್‌ಟ್ರಾ ಕೆಲಸ ಸೆಟ್ ಪರಿಚಯಕ್ಕೆ ಒಳ್ಳೆಯದು, ಸಿವಿಯಲ್ಲಿ ಮಾತ್ರ ಹಾಕಬೇಡಿ.

ಕರಾರಿಗೆ ಸಹಿ ಹಾಕುವ ಮೊದಲು ಮೂರು ವಿಷಯ ಓದಿ: ಮುಂದಿನ ಸೀಸನ್‌ಗಳಿಗೆ ಎಷ್ಟು ವರ್ಷ ನಿಮ್ಮನ್ನು ಹಿಡಿದಿಡುತ್ತಾರೆ, ಆ ಅವಧಿಯಲ್ಲಿ ಬೇರೆ ಕೆಲಸ ಮಾಡಬಹುದೇ, ಮರುಪ್ರಸಾರಕ್ಕೆ ಹಣ ಬೇರೆ ಕೊಡುತ್ತಾರೋ ಒಂದೇ ಬಾರಿಗೆ ಬೈಔಟ್ ಮಾಡುತ್ತಾರೋ. ನಟರ ಸಂಘವಾದ ಐರಿಷ್ ಈಕ್ವಿಟಿಯ ಸದಸ್ಯರಾದರೆ ಇಂಥದ್ದಕ್ಕೆಲ್ಲ ಸಲಹೆ ಸಿಗುತ್ತದೆ. ಆಪ್ತ ದೃಶ್ಯಗಳಿದ್ದರೆ ಅವನ್ನು ನಟರ ಒಪ್ಪಿಗೆಯಂತೆ ನಡೆಸಿಕೊಡುವ ಇಂಟಿಮಸಿ ಕೋಆರ್ಡಿನೇಟರ್ ಇರುತ್ತಾರೆಯೇ ಎಂದು ಏಜೆಂಟ್ ಮೂಲಕ ಕೇಳಿ. ಮೆಸ್ಕಲ್ ಅವರ ಆ ಸರಣಿಯಲ್ಲಿ ಈಟಾ ಓಬ್ರಯನ್ ಈ ಕೆಲಸ ಮಾಡಿದ್ದರು. ಹೊಸಬರು ಹೀಗೆ ಕೇಳುವುದರಲ್ಲಿ ಸಂಕೋಚಪಡಬೇಕಾದ್ದೇನೂ ಇಲ್ಲ.

ಸ್ವಯಂ ಉದ್ಯೋಗಿಯಾಗಿ ಗಳಿಸುವುದಾದರೆ ತೆರಿಗೆ ಇಲಾಖೆಯಾದ ರೆವೆನ್ಯೂನಲ್ಲಿ ನೋಂದಾಯಿಸಿ, ಪ್ರತಿ ವರ್ಷ ಅಕ್ಟೋಬರ್ 31ರೊಳಗೆ ಹಿಂದಿನ ವರ್ಷದ ಆದಾಯದ ಲೆಕ್ಕವಾದ ಫಾರ್ಮ್ 11 ಸಲ್ಲಿಸಬೇಕು. ಕಲಾವಿದರಿಗೆ ತೆರಿಗೆ ವಿನಾಯಿತಿ ಇದೆಯೆಂದು ಕೇಳಿ ಹಲವರು ನಿಶ್ಚಿಂತರಾಗಿರುತ್ತಾರೆ. ಅದು ಬರೆಯುವವರಿಗೆ, ಸಂಗೀತ ರಚಿಸುವವರಿಗೆ, ಚಿತ್ರ ಮತ್ತು ಶಿಲ್ಪ ಕಲಾವಿದರಿಗೆ ಮಾತ್ರ, ನಟರಿಗಿಲ್ಲ. ಬಂದ ಪ್ರತಿ ಚೆಕ್‌ನ ಮೂರನೇ ಒಂದು ಭಾಗ ಬೇರೆ ಖಾತೆಗೆ ಹಾಕಿಡಿ. ಏಜೆಂಟ್ ಕಮಿಷನ್, ಹೆಡ್‌ಶಾಟ್, ಕೆಲಸದ ಪ್ರಯಾಣದ ರಸೀದಿಗಳನ್ನು ಆರು ವರ್ಷ ಇಟ್ಟುಕೊಳ್ಳಿ. ಸ್ಟ್ಯಾಂಪ್ 2 ಎಂಬ ವಿದ್ಯಾರ್ಥಿ ಅನುಮತಿಯಲ್ಲಿ ಹೊರದೇಶದಿಂದ ಓದಲು ಬಂದವರಿಗೆ ಸ್ವಯಂ ಉದ್ಯೋಗಕ್ಕೆ ಅನುಮತಿಯಿಲ್ಲ. ಪಾತ್ರ ಒಪ್ಪುವ ಮುನ್ನ ಯಾವ ಬಗೆಯ ಕರಾರು ಎಂದು ಕೇಳಲೇಬೇಕು.

ಹೊರಗೆ ಹೋಗುವಾಗ

ಐರಿಷ್ ಪೌರರಿಗೆ ಬ್ರಿಟನ್‌ನಲ್ಲಿ ಕೆಲಸ ಮಾಡಲು ವೀಸಾ ಬೇಡ. ಬೇರೆ ದೇಶದ ಪಾಸ್‌ಪೋರ್ಟ್‌ನಲ್ಲಿ ಐರ್ಲೆಂಡ್‌ನಲ್ಲಿ ನೆಲೆಸಿರುವವರಿಗೆ ಈ ಹಕ್ಕು ಇಲ್ಲ ಎಂಬುದನ್ನು ಏಜೆಂಟ್‌ಗೆ ಮೊದಲೇ ಹೇಳಿ. ಕೊನೆ ಗಳಿಗೆಯಲ್ಲಿ ಪಾತ್ರ ಕೈತಪ್ಪಿದರೆ ನಿಮಗೂ ನಷ್ಟ, ಅವರ ಮಾತಿನ ತೂಕಕ್ಕೂ ನಷ್ಟ. ಲಂಡನ್‌ಗೆ ಮನೆ ಬದಲಿಸುವ ತುರ್ತು ಈಗ ಮೊದಲಿನಷ್ಟಿಲ್ಲ. ಟೇಪ್ ಮೆಚ್ಚಿದ ಮೇಲೆ ಮರು ಆಡಿಷನ್‌ಗೆ ಒಂದು ದಿನದ ಮಟ್ಟಿಗೆ ಹೋಗಿ ಬಂದರಾಯಿತು.

ಅಸಾಧಾರಣ ಸಾಧನೆಯ ಕಲಾವಿದರಿಗೆಂದಿರುವ ಅಮೆರಿಕದ ಓ-1ಬಿ ವೀಸಾಗೆ ನೀವೇ ಅರ್ಜಿ ಹಾಕುವಂತಿಲ್ಲ. ಅಲ್ಲಿನ ನಿರ್ಮಾಪಕರು ಅಥವಾ ಏಜೆಂಟ್ ಐ-129 ಫಾರ್ಮ್ ಸಲ್ಲಿಸಬೇಕು, ಸಿನಿಮಾ ಮತ್ತು ಟಿವಿ ಕೆಲಸವಾದರೆ ನಟರ ಸಂಘದ ಮತ್ತು ನಿರ್ಮಾಪಕರ ಕಡೆಯ ಸಂಸ್ಥೆಯ ಅಭಿಪ್ರಾಯ ಪತ್ರಗಳೂ ಬೇಕು. ಮೊದಲ ಬಾರಿಗೆ ಗರಿಷ್ಠ ಮೂರು ವರ್ಷ ಸಿಗುತ್ತದೆ. ಅಸಾಧಾರಣ ಸಾಧನೆ ತೋರಿಸಲು ಮುಖ್ಯ ಪಾತ್ರಗಳ ದಾಖಲೆ, ಪ್ರಶಸ್ತಿ, ವಿಮರ್ಶೆ, ಹೆಸರಾಂತ ನಿರ್ದೇಶಕರ ಶಿಫಾರಸು ಪತ್ರ ಬೇಕಾಗುತ್ತವೆ. ಗಾಲ್ವೇ ಫಿಲ್ಮ್ ಫ್ಲಾ ಚಿತ್ರೋತ್ಸವದಲ್ಲಿ ತೋರಿಸಿದ ಕಿರುಚಿತ್ರದ ಕಾರ್ಯಕ್ರಮ ಪಟ್ಟಿ, ಸ್ಥಳೀಯ ಪತ್ರಿಕೆಯ ನಾಟಕ ವಿಮರ್ಶೆ, ಐರಿಷ್ ಸಿನಿಮಾ ಮತ್ತು ಟಿವಿ ಪ್ರಶಸ್ತಿಯಾದ ಐಎಫ್‌ಟಿಎ ನಾಮನಿರ್ದೇಶನದ ಪತ್ರ ಎಲ್ಲವೂ ಆ ಕಡತಕ್ಕೆ ಸೇರುತ್ತವೆ. ಪತ್ರಿಕೆಗಳ ಲಿಂಕ್‌ಗಳು ಕೆಲವು ವರ್ಷಗಳಲ್ಲಿ ಅಳಿದುಹೋಗುತ್ತವೆ. ಪ್ರಕಟವಾದ ದಿನವೇ ತಾರೀಖು ಕಾಣುವಂತೆ ಪಿಡಿಎಫ್ ಮಾಡಿ ಉಳಿಸಿಕೊಳ್ಳಿ.