ಇಸೋನ್ ಹಿಡಿಯುವವರಿಗೆ ಮೊದಲು ದುಡ್ಡು ಕೊಡಿ

ಗ್ರೀಕ್ ಚರ್ಚುಗಳ ಹಳೇ ಬೈಜಾಂಟಿಯನ್ ಸಂಗೀತಕ್ಕೆ ಟಿಕೆಟ್ ಇಟ್ಟರೆ ನೊಣವೂ ಬರಲ್ಲ ಎಂದವರೇ ಈಗ ಪಾಸ್ ಕೇಳುತ್ತಿದ್ದಾರೆ. ಗ್ರೀಸಿನ ಥೆಸಲೊನಿಕಿಯಲ್ಲಿ ನಮ್ಮ ತಂಡದ ಕಳೆದ ಕಛೇರಿಗೆ 250ರ ಆಸುಪಾಸು ಜನ ಬಂದಿದ್ದರು. ಅರ್ಧಕ್ಕರ್ಧ ಕಾಲೇಜು ಹುಡುಗರು.

ನಮ್ಮ ರಾಗಗಳ ಹಾಗಿರುವ ಎಂಟು ಎಖೋಸ್, ಕ್ರಿಸಾಂಥೋಸ್ ಮತ್ತಿಬ್ಬರು 1814ರ ಸುಮಾರಿಗೆ ತಂದ ಹೊಸ ಸ್ವರಲಿಪಿ, ಇವನ್ನೆಲ್ಲ ಇಲ್ಲಿ ವಿವರಿಸಲ್ಲ. ಇಸೋನ್ ಅಂದರೆ ಹಾಡಿನ ಕೆಳಗೆ ಎಳೆದು ಹಿಡಿಯುವ ಆಧಾರ ಸ್ವರ, ನಮ್ಮ ಶ್ರುತಿಯ ಹಾಗೆ, ಇಷ್ಟು ಗೊತ್ತಿದ್ದರೆ ಸಾಕು. ದುಡ್ಡು ಎಲ್ಲಿ ಹೋಯಿತು ಅನ್ನೋದನ್ನು ಹೇಳುತ್ತೇನೆ.

ಮೊದಲು ಕೀಬೋರ್ಡ್. ಈಗಿನವರಿಗೆ ಹಾರ್ಮನಿ ಬೇಕೇ ಬೇಕು ಅಂತ ಆಯೋಜಕರೊಬ್ಬರ ಹಠ. ಅರೇಂಜ್‌ಮೆಂಟಿಗೇ 3,000 ಯೂರೋ ಹತ್ತಿರ ಕೈಬಿಟ್ಟಿತು. ಮೊದಲ ಎಖೋಸಿನಲ್ಲಿ ‘ಪಾ’ ಸ್ವರದಿಂದ ಮುಂದಿನ ‘ವೂ’ ಸ್ವರಕ್ಕೆ 10 ಮೋರಿಯಾ (ಸ್ವರಗಳ ಅಂತರ ಅಳೆಯುವ ಚಿಕ್ಕ ಮಾನ). ಕೀಬೋರ್ಡಿನಲ್ಲಿ ಇರುವುದು 6, ಇಲ್ಲವೇ 12. ನಮ್ಮವರು ಮೆಲ್ಲಗೆ 12ರ ಕಡೆಗೆ ಜಾರಿದರು. ಕೇಳಿದರೆ ಯಾವುದೋ ಸಿನಿಮಾದ ಹಿನ್ನೆಲೆ ಸಂಗೀತ!

ಆಮೇಲೆ ಇಸೋನಿಗೆ ಬೆಂಗಳೂರಿನಿಂದ ತಂದಿದ್ದ ಎಲೆಕ್ಟ್ರಾನಿಕ್ ತಂಬೂರಿ ಇಟ್ಟು ನೋಡಿದೆ. ಪಂಚಮ ತೆಗೆದು ಷಡ್ಜ ಮಾತ್ರ ಉಳಿಸಿದೆ. ಆದರೂ ತಂಬೂರಿಯಲ್ಲಿ ತಾನಾಗೇ ಹುಟ್ಟುವ ಅಂತರ ಗಾಂಧಾರ ಸುಮ್ನಿರಬೇಕಲ್ಲ? ನಮ್ಮವರು ಬೈಜಾಂಟಿಯನ್ ‘ಗಾ’ ಸ್ವರ ಹಿಡಿದಾಗಲೆಲ್ಲ ಅದರ ಜೊತೆ ತಿಕ್ಕಾಟ. ಜೊತೆಗೆ ಹಾಡು ಜಾಗ ಬದಲಿಸಿದರೆ ಇಸೋನ್ ಕೂಡ ಬದಲಿಸಬೇಕು, ಆ ಪೆಟ್ಟಿಗೆಗೆ ಅದೆಲ್ಲಿ ಗೊತ್ತಾಗುತ್ತೆ?

ಕೊನೆಗೆ ವಾದ್ಯವನ್ನೇ ಬಿಟ್ಟೆವು. ಇಸೋನಿಗೆ ಮೂವರು, ಒಬ್ಬರು ಉಸಿರೆಳೆದುಕೊಳ್ಳುವಾಗ ಇನ್ನಿಬ್ಬರು ಹಿಡಿದಿರಬೇಕು. ಬಾಯಿ ತೆರೆಯುವ ಅಳತೆ ಮೂವರದ್ದೂ ಒಂದೇ. ಇದಕ್ಕೇ ಒಂದು ಚಳಿಗಾಲ ಹೋಯಿತು.

ಇನ್ನು ಜಾಗ. ಇಸ್ತಾಂಬುಲಿನ ಹಾಗಿಯಾ ಸೋಫಿಯಾದಲ್ಲಿ ಸ್ಟ್ಯಾನ್‌ಫೋರ್ಡ್ ವಿಶ್ವವಿದ್ಯಾಲಯದವರು ಬಲೂನ್ ಒಡೆದು ಅಲ್ಲಿನ ಅನುರಣನ (ಸದ್ದು ನಿಂತ ಮೇಲೂ ಉಳಿಯುವ ಗುಂಯ್) ಹಿಡಿದಿದ್ದರು, 10 ಸೆಕೆಂಡಿಗೂ ಜಾಸ್ತಿ. ಕಪ್ಪೆಲ್ಲಾ ರೊಮಾನಾ ತಂಡ ಅದೇ ಅನುರಣನದಲ್ಲಿ ಹಾಡಿ 2019ರಲ್ಲಿ ಆಲ್ಬಂ ತಂದಿತು. ನಾವು ಅದನ್ನೇ ಅಗ್ಗದಲ್ಲಿ ಮಾಡಿದೆವು. ಹಳೇ ಕಲ್ಲಿನ ಚರ್ಚು, ಎರವಲು ಮೈಕು, ಐದಾರು ಯೂರೋದ ಬಲೂನು. ಹುಟ್ಟುಹಬ್ಬದ ಚಿಕ್ಕ ಬಲೂನು ಬೇಡ, ಮಂದ್ರ ಸಿಗಲ್ಲ. ದೊಡ್ಡದನ್ನು ಕೋಲಿಗೆ ಕಟ್ಟಿ, ಹಾಡುವವರ ಬಾಯಿಯ ಎತ್ತರಕ್ಕೆ ಹಿಡಿದು ಒಡೆಯಿರಿ. ಹಾಗೆ ಹಿಡಿದ ಅನುರಣನವನ್ನು ಸಭಾಂಗಣದಲ್ಲಿ 4 ಸೆಕೆಂಡಿಗೆ ಇಳಿಸಿಕೊಂಡೆವು. ಅದಕ್ಕಿಂತ ಜಾಸ್ತಿಯಾದರೆ ಸಾಹಿತ್ಯ ಕಲಸಿಹೋಗುತ್ತೆ.

ಸಾಹಿತ್ಯವೇ ಇಲ್ಲದಿದ್ದರೆ? ಅದಕ್ಕೇ ಈಗ ಶುರುವಿಗೇ ಕ್ರಾತಿಮಾ. 14ನೇ ಶತಮಾನದ ವಾಗ್ಗೇಯಕಾರ ಕುಕುಜೆಲಿಸ್ ಕಾಲದ್ದು, ಅರ್ಥವಿಲ್ಲದ ಅಕ್ಷರಗಳ ಹಾಡು, ಬರೀ ‘ತೆ ರಿ ರೆಮ್’. ರೆಕಾರ್ಡಿಂಗ್ ಕೇಳಿದ ಬೆಂಗಳೂರಿನ ಗೆಳೆಯ, “ಏ, ತಿಲ್ಲಾನ ಅಲ್ವೇನೋ ಇದು!” ಅಂದ. ಇಲ್ಲಿನ ಹುಡುಗರು ಕೂತು ಕೇಳಿದ್ದೂ ಅದನ್ನೇ. 9ನೇ ಶತಮಾನದ ಸನ್ಯಾಸಿನಿ ಕಾಸ್ಸಿಯಾ ರಚಿಸಿದ ಹಾಡು ಅದಾದ ಮೇಲೆ ಬಂದರೆ ಯಾರೂ ಎದ್ದು ಹೋಗಲ್ಲ.

ಒಂದೊಂದು ಸಭಾಂಗಣಕ್ಕೆ ಇಸೋನಿನ ಶ್ರುತಿ ಹೇಗೆ ಆರಿಸುತ್ತೇವೆ ಅನ್ನೋದನ್ನು ಮಾತ್ರ ಹೇಳಲ್ಲ. ನಮ್ಮ ಹೊಟ್ಟೆಪಾಡು ಅದರಲ್ಲೇ ಇದೆ.

ಈಗ ಮುಖ್ಯ ಗಾಯಕನಿಗೂ ಇಸೋನಿನವರಿಗೂ ಸಮ ಸಂಭಾವನೆ, ತಲಾ 120 ಯೂರೋ. ಗಾಯಕ ಮುನಿಸಿಕೊಂಡ. ಇಸೋನಿನವರನ್ನು ಕಳಿಸಿ, ಒಂದು ಸಂಜೆ ಅವನೊಬ್ಬನಿಂದಲೇ ಪ್ರಾಕ್ಟೀಸ್ ಮಾಡಿಸಿದೆ. ಆಮೇಲೆ ದುಡ್ಡಿನ ಮಾತೆತ್ತಿಲ್ಲ.