ಮಲೆನಾಡಿನ ಸರ್ಕಾರಿ ಶಾಲೆಯ ಅರ್ಜಿ: ಯಾವ ಮೇಜಿಗೆ, ಯಾವ ಕಾಗದದ ಜೊತೆ

ಮೇಷ್ಟ್ರಿಲ್ಲ, ಹಂಚು ಸೋರುತ್ತಿದೆ, ಹಳ್ಳಕ್ಕೆ ಕಾಲುಸಂಕವಿಲ್ಲ. ಹೊಸನಗರ, ತೀರ್ಥಹಳ್ಳಿ, ಸಾಗರದ ಒಳಹಳ್ಳಿ ಶಾಲೆಗಳ ದೂರು ಬಹುತೇಕ ಈ ಮೂರರಲ್ಲಿ ಬಂದು ನಿಲ್ಲುತ್ತದೆ. ಮೂರನ್ನೂ ಒಂದೇ ಹಾಳೆಯಲ್ಲಿ ಬರೆದು ಶಾಸಕರ ಕೈಗಿಟ್ಟರೆ ಒಂದೂ ಆಗುವುದಿಲ್ಲ. ಮೇಷ್ಟ್ರ ವಿಷಯ ಶಾಲಾ ಶಿಕ್ಷಣ ಇಲಾಖೆಯದು, ದುರಸ್ತಿಯ ಅಂದಾಜುಪಟ್ಟಿ ಇಂಜಿನಿಯರರದು, ಸಂಕ ಲೋಕೋಪಯೋಗಿ ಅಥವಾ ಪಂಚಾಯತ್ ರಾಜ್ ಇಂಜಿನಿಯರಿಂಗ್ ಇಲಾಖೆಯದು. ಬಿಸಿಯೂಟದ ದೂರಿದ್ದರೆ ಅದೂ ಬೇರೆ ಕಡೆಗೇ: ತಾಲ್ಲೂಕು ಪಂಚಾಯಿತಿಯ ಅಕ್ಷರ ದಾಸೋಹ ಸಹಾಯಕ ನಿರ್ದೇಶಕರಿಗೆ. ಒಂದು ಅರ್ಜಿಗೆ ಒಂದೇ ವಿಷಯ ಇರಲಿ.

ಇಲಾಖೆಯೊಳಗಿನ ಮೆಟ್ಟಿಲು ಹೀಗಿದೆ: ಮುಖ್ಯ ಶಿಕ್ಷಕರು, ಕ್ಲಸ್ಟರ್ (ಅಕ್ಕಪಕ್ಕದ ಶಾಲೆಗಳ ಗುಂಪು) ಮಟ್ಟದ ಸಂಪನ್ಮೂಲ ವ್ಯಕ್ತಿ (ಸಿಆರ್‌ಪಿ), ತಾಲ್ಲೂಕಿನ ಕ್ಷೇತ್ರ ಶಿಕ್ಷಣಾಧಿಕಾರಿ (ಬಿಇಒ), ಶಿವಮೊಗ್ಗದ ಉಪನಿರ್ದೇಶಕರು (ಡಿಡಿಪಿಐ), ಅವರ ಮೇಲೆ ಬೆಂಗಳೂರಿನ ಆಯುಕ್ತರು. ಸಿಆರ್‌ಪಿ ಶಾಲೆಗೆ ಬಂದು ನೋಡಿ ವರದಿ ಕೊಡುತ್ತಾರೆ, ಮಂಜೂರು ಮಾಡುವ ಅಧಿಕಾರ ಅವರಿಗಿಲ್ಲ. ಕ್ಷೇತ್ರ ಸಂಪನ್ಮೂಲ ಕೇಂದ್ರ (ಬಿಆರ್‌ಸಿ) ನೋಡಿಕೊಳ್ಳುವುದು ತರಬೇತಿ ಮತ್ತು ಕಲಿಕೆಯ ವಿಷಯ. ಶಿಕ್ಷಕರ ಕೊರತೆಯನ್ನು ಅಲ್ಲಿ ಹೇಳಿ ಬಂದರೆ ಹೇಳಿದ ಸಮಾಧಾನವಷ್ಟೇ.

ಅರ್ಜಿಗೆ ಬಲ ಬರುವುದು ಶಾಲಾಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿಯ (ಎಸ್‌ಡಿಎಂಸಿ) ನಡಾವಳಿಯಿಂದ. ಶಿಕ್ಷಣ ಹಕ್ಕು ಕಾಯ್ದೆಯ 21ನೇ ಸೆಕ್ಷನ್ ಪ್ರಕಾರ ಸಮಿತಿಯಲ್ಲಿ ಮುಕ್ಕಾಲು ಪಾಲು ಪೋಷಕರು, ಅರ್ಧದಷ್ಟು ಮಹಿಳೆಯರು ಇರಬೇಕು. ಸಭೆಯ ದಿನಾಂಕ, ಹಾಜರಿದ್ದವರ ಸಹಿ, ನಿರ್ಣಯ ಮೂರೂ ಪುಸ್ತಕದಲ್ಲಿರಲಿ. ಮುಖ್ಯ ಶಿಕ್ಷಕರು ದೃಢೀಕರಿಸಿದ ಪ್ರತಿಯನ್ನು ಅರ್ಜಿಗೆ ಲಗತ್ತಿಸಿ. ‘ಶಿಕ್ಷಕರ ಕೊರತೆ ನೀಗಿಸಬೇಕೆಂದು ತೀರ್ಮಾನಿಸಲಾಯಿತು’ ಎಂಬ ನಿರ್ಣಯವನ್ನು ಗುಮಾಸ್ತರು ಕಡತಕ್ಕೆ ಸೇರಿಸಿ ಮರೆಯುತ್ತಾರೆ. ಎಷ್ಟು ಮಕ್ಕಳು, ಎಷ್ಟು ಹುದ್ದೆ, ಯಾವ ದಿನದಿಂದ ಖಾಲಿ ಎಂದು ಬರೆದರೆ ಟಿಪ್ಪಣಿ ಹಾಕಿ ಮೇಲಿನವರ ಮುಂದಿಡಲೇಬೇಕಾಗುತ್ತದೆ.

ಶಿಕ್ಷಕರ ಲೆಕ್ಕವನ್ನು ಸ್ವಲ್ಪ ನಿಧಾನವಾಗಿ ನೋಡೋಣ. ಕಾಯ್ದೆಯ ಅನುಸೂಚಿಯಂತೆ 1ರಿಂದ 5ನೇ ತರಗತಿಗೆ 60 ಮಕ್ಕಳವರೆಗೆ 2 ಶಿಕ್ಷಕರು, 61ರಿಂದ 90ಕ್ಕೆ 3, 91ರಿಂದ 120ಕ್ಕೆ 4. ಎಂಟೇ ಮಕ್ಕಳಿದ್ದರೂ ಇಬ್ಬರು ಎಂಬುದು ಮಲೆನಾಡಿನ ಸಣ್ಣ ಶಾಲೆಗಳ ಕೈಯಲ್ಲಿರುವ ಗಟ್ಟಿ ವಾದ, ಆದರೆ ಇದನ್ನು ಅರ್ಜಿಯಲ್ಲಿ ಬರೆಯುವವರು ಕಡಿಮೆ. ಮುಖ್ಯ ಶಿಕ್ಷಕರಿಂದ ಮೂರು ಅಂಕಿ ತೆಗೆದುಕೊಳ್ಳಿ: ಮಂಜೂರಾದ ಹುದ್ದೆ, ಕೆಲಸ ಮಾಡುತ್ತಿರುವವರು, ನಿಯೋಜನೆಯ ಮೇಲೆ ಬೇರೆ ಕಡೆ ಹೋದವರು. ಹುದ್ದೆ ಖಾಲಿಯಿದ್ದರೆ ಅತಿಥಿ ಶಿಕ್ಷಕರನ್ನು ಕೇಳಿ. ಶಿಕ್ಷಕರು ಕಾಗದದ ಮೇಲಷ್ಟೇ ಇದ್ದರೆ ನಿಯೋಜನೆ ರದ್ದು ಮಾಡಲು ಕೇಳಿ. ಕಾಯಂ ಶಿಕ್ಷಕರು ಬರುವುದು ನೇಮಕಾತಿ ಅಥವಾ ವರ್ಗಾವಣೆ ಕೌನ್ಸೆಲಿಂಗ್‌ನಿಂದ. ಬಿಇಒ ಮನಸ್ಸು ಮಾಡಿದರೂ ಕೊಡಲಾಗದ್ದನ್ನು ಕೇಳಿ ದಿನ ಕಳೆಯಬೇಡಿ. ಅರ್ಜಿ ಶಾಲೆ ಶುರುವಾಗುವ ಮುನ್ನವೇ ಹೋಗಲಿ.

ಲೆಕ್ಕ ತಪ್ಪುವುದು ಸಾಮಾನ್ಯವಾಗಿ ಸ್ಯಾಟ್ಸ್‌ನಲ್ಲಿ, ಅಂದರೆ ಮಕ್ಕಳ ದಾಖಲಾತಿಯ ಇಲಾಖಾ ಆನ್‌ಲೈನ್ ವ್ಯವಸ್ಥೆಯಲ್ಲಿ. ಅಡಿಕೆ ಕೊಯ್ಲಿಗೆ ಬಂದ ಕೂಲಿಕಾರರ ಮಕ್ಕಳು ತರಗತಿಯಲ್ಲಿ ಕೂತಿರುತ್ತಾರೆ, ಹಳೆ ಶಾಲೆ ಆನ್‌ಲೈನ್‌ನಲ್ಲಿ ಬಿಟ್ಟುಕೊಡದ ಕಾರಣ ಇಲಾಖೆಯ ಲೆಕ್ಕದಲ್ಲಿ ಇಲ್ಲಿರುವುದಿಲ್ಲ. ಟಿಸಿ ತಡವಾಯಿತೆಂದು ದಾಖಲಾತಿ ನಿರಾಕರಿಸುವಂತಿಲ್ಲ, ಅದು ಶಿಕ್ಷಣ ಹಕ್ಕು ಕಾಯ್ದೆಯ 5ನೇ ಸೆಕ್ಷನ್‌ನಲ್ಲಿದೆ. ಮಗುವನ್ನು ಸೇರಿಸಿಕೊಂಡು ಹಳೆ ಶಾಲೆಗೆ ಅಂದೇ ಪತ್ರ ಬರೆಯಿಸಿ.

ಕಟ್ಟಡದ ವಿಷಯಕ್ಕೆ ಬಂದರೆ, ಹಂಚು ಕೈಯಾಡಿಸುವಂಥ ಸಣ್ಣ ಕೆಲಸಕ್ಕೆ ಶಾಲಾ ಅನುದಾನ ಅಥವಾ ಗ್ರಾಮ ಪಂಚಾಯಿತಿ ಸಾಕು, ಆದರೆ ಮಳೆಗೆ ಮುಂಚೆ, ಫೆಬ್ರವರಿ-ಮಾರ್ಚ್‌ನಲ್ಲೇ ಕೇಳಬೇಕು. ಜೂನ್‌ನಲ್ಲಿ ಯಾರೂ ಮಾಡು ಹತ್ತುವುದಿಲ್ಲ. ಮಳೆಗಾಳಿಗೆ ಗೋಡೆ ಬಿದ್ದರೆ ಅದೇ ದಿನ ಫೋಟೊ ತೆಗೆದು ಗ್ರಾಮ ಆಡಳಿತಾಧಿಕಾರಿಗೂ ತಹಶೀಲ್ದಾರರಿಗೂ ತಿಳಿಸಿ, ಪ್ರಕೃತಿ ವಿಕೋಪದ ಹಣ ಆ ದಾರಿಯಲ್ಲಿ ಬರುತ್ತದೆ. ಶಿಥಿಲ ಕೊಠಡಿಗೆ ಬೀಗ ಹಾಕಿ. ಇಂಜಿನಿಯರ್ ವರದಿ ಮತ್ತು ಅನುಮತಿ ಇಲ್ಲದೆ ಊರವರೇ ಕೆಡವಬಾರದು.

ಹೊಸ ಕೊಠಡಿ ಬೇಕಿದ್ದರೆ ಮೊದಲು ಪಹಣಿ ತೆಗೆಸಿ. ಎಷ್ಟೋ ಕಡೆ ಜಾಗ ಇನ್ನೂ ದಾನ ಕೊಟ್ಟವರ ಹೆಸರಲ್ಲೇ ಇರುತ್ತದೆ, ಇಲ್ಲವೇ ಅರಣ್ಯವೆಂದು ದಾಖಲಾಗಿರುತ್ತದೆ. ಹಣ ಬಂದ ಮೇಲೆ ಇದು ಗೊತ್ತಾದರೆ ಹಣ ವಾಪಸ್ ಹೋಗುವ ಸಂಭವವಿದೆ. ಅರಣ್ಯ ಜಾಗಕ್ಕೂ ದಾರಿಯಿದೆ: 2006ರ ಅರಣ್ಯ ಹಕ್ಕು ಕಾಯ್ದೆಯ 3(2)ರ ಅಡಿ ಗ್ರಾಮಸಭೆ ಶಿಫಾರಸು ಮಾಡಿದರೆ ಶಾಲೆಗೆ 1 ಹೆಕ್ಟೇರಿಗಿಂತ ಕಡಿಮೆ ಜಾಗ ಕೊಡಬಹುದು, ಕಡಿಯುವ ಮರ ಹೆಕ್ಟೇರಿಗೆ 75 ದಾಟಬಾರದು.

ಅರ್ಜಿ ಕೊಟ್ಟಾಗ ಇನ್ನೊಂದು ಪ್ರತಿಯ ಮೇಲೆ ಟಪಾಲು ವಿಭಾಗದ ಸೀಲು, ಸಂಖ್ಯೆ, ದಿನಾಂಕ ಹಾಕಿಸಿಕೊಳ್ಳಿ. ಎರಡು ವಾರ ಕಾದು ಅದೇ ಸಂಖ್ಯೆ ನಮೂದಿಸಿ ಜ್ಞಾಪನಾ ಪತ್ರ ಕೊಡಿ, ಆಮೇಲೆ ಡಿಡಿಪಿಐಗೆ. ಸರ್ಕಾರದ ದೂರು ಸಹಾಯವಾಣಿ 1902ಕ್ಕೆ ಕರೆ ಮಾಡಿಯೂ ದೂರು ದಾಖಲಿಸಬಹುದು. ಮಗುವಿನ ಹಕ್ಕಿಗೇ ಧಕ್ಕೆಯಾಗಿದ್ದರೆ ಶಿಕ್ಷಣ ಹಕ್ಕು ಕಾಯ್ದೆಯ 32ನೇ ಸೆಕ್ಷನ್ ಅಡಿ ಸ್ಥಳೀಯ ಪ್ರಾಧಿಕಾರ 3 ತಿಂಗಳೊಳಗೆ ತೀರ್ಮಾನ ಹೇಳಬೇಕು. ಮೇಲ್ಮನವಿ ರಾಜ್ಯ ಮಕ್ಕಳ ಹಕ್ಕುಗಳ ರಕ್ಷಣಾ ಆಯೋಗಕ್ಕೆ.

ಎಲ್ಲೂ ಉತ್ತರವಿಲ್ಲದಿದ್ದರೆ ಮಾಹಿತಿ ಹಕ್ಕು: 10 ರೂಪಾಯಿ ಶುಲ್ಕ, ಕರ್ನಾಟಕದ ನಿಯಮದಂತೆ ಒಂದೇ ವಿಷಯ, 150 ಪದದ ಮಿತಿ, 30 ದಿನದೊಳಗೆ ಉತ್ತರ. ‘ಯಾಕೆ ಮಾಡಿಲ್ಲ’ ಎಂದು ಕೇಳಿದರೆ ಅದು ಮಾಹಿತಿಯಲ್ಲವೆಂದು ಹಿಂಬರಹ ಬರುತ್ತದೆ. ‘ಇಂಥ ದಿನಾಂಕದ, ಇಂಥ ಸಂಖ್ಯೆಯ ಅರ್ಜಿಯ ಕಡತದ ಟಿಪ್ಪಣಿ ಹಾಳೆಗಳ ದೃಢೀಕೃತ ಪ್ರತಿ ಕೊಡಿ’ ಎಂದು ಬರೆಯಿರಿ.