ಹಾಡುಗಾರರು ಸಿಕ್ಕರು, ಹಾಡೆಲ್ಲಿ? ಟಿವಿ ಷೋ ಮೂಲಕ ಯೂರೋವಿಷನ್‌ಗೆ ಆಯ್ಕೆ ನಡೆಸುವ ಬಗೆ

ಯೂರೋವಿಷನ್ ಅಂದರೆ ಯೂರೋಪ್ ಮತ್ತು ಸುತ್ತಲಿನ ದೇಶಗಳು ತಲಾ ಒಂದು ಹಾಡು ಕಳಿಸುವ, ವರ್ಷಕ್ಕೊಮ್ಮೆ ಮೇ ತಿಂಗಳಲ್ಲಿ ನಡೆಯುವ ಟಿವಿ ಸ್ಪರ್ಧೆ. ಸರಿಗಮಪದಂಥ ಷೋ ನೋಡಿ ರೂಢಿಯಾದವರಿಗೆ ಅದಕ್ಕೆ ದೇಶದ ಪರವಾಗಿ ಹಾಡುವವರ ಆಯ್ಕೆ ಸಲೀಸು ಅನಿಸಬಹುದು. ಆಡಿಷನ್ ಮಾಡು, ವಾರಕ್ಕೊಬ್ಬರನ್ನು ಮನೆಗೆ ಕಳಿಸು, ಕೊನೆಗೆ ಉಳಿದವರನ್ನು ವಿಮಾನ ಹತ್ತಿಸು. ತೊಡಕಿರುವುದು ಅಲ್ಲೇ. ಷೋದಲ್ಲಿ ಸ್ಪರ್ಧಿ ಗೆಲ್ಲುವುದು ಬೇರೆಯವರ ಹಾಡು ಹಾಡಿ, ವಾರಗಟ್ಟಲೆ ಜನರಿಗೆ ಹತ್ತಿರವಾಗಿ. ಮೇ ತಿಂಗಳ ಆ ರಾತ್ರಿ ಬೇರೆ ದೇಶದ ವೀಕ್ಷಕರಿಗೆ ಆ ಮುಖದ ಪರಿಚಯವೇ ಇರುವುದಿಲ್ಲ. ಅವರಿಗೆ ಸಿಗುವುದು ಮೂರು ನಿಮಿಷದ ಒಂದು ಹಾಡು, ಅಷ್ಟೇ. ಹಾಗಾಗಿ ತೀರ್ಪುಗಾರರು ಯಾರು ಎಂದು ತಲೆ ಕೆಡಿಸಿಕೊಳ್ಳುವ ಮೊದಲು ಹಾಡು ಯಾವ ಹಂತದಲ್ಲಿ ಬರುತ್ತದೆ ಎಂದು ತೀರ್ಮಾನಿಸಿ.

ದಾರಿ ಮೂರಿವೆ. ಸ್ವೀಡನ್ನಿನ ಮೆಲೋಡಿಫೆಸ್ಟಿವಾಲೆನ್, ಇಟಲಿಯ ಸಾನ್‌ರೆಮೊ ಎಂಬ ಹಾಡಿನ ಸ್ಪರ್ಧೆಗಳಲ್ಲಿ ಹಾಡೂ ಹಾಡುಗಾರರೂ ಜೊತೆಯಾಗಿಯೇ ಸ್ಪರ್ಧೆಗೆ ಇಳಿಯುತ್ತಾರೆ. ಇಸ್ರೇಲ್ 2015ರಿಂದ ಹಲವು ವರ್ಷ ರೈಸಿಂಗ್ ಸ್ಟಾರ್ ಮಾದರಿಯ ಷೋದಲ್ಲಿ ಮೊದಲು ಹಾಡುಗಾರರನ್ನು ಆರಿಸಿ, ಆಮೇಲೆ ಅವರ ದನಿಗೆ ತಕ್ಕ ಹಾಡು ಹುಡುಕಿತು. 2018ರಲ್ಲಿ ಅಲ್ಲಿನ ಗಾಯಕಿ ನೆಟ್ಟಾ ಯೂರೋವಿಷನ್ ಗೆದ್ದದ್ದು ಹೀಗೆ. ಮೂರನೆಯದು ಜರ್ಮನಿ 2010ರಲ್ಲಿ ಹಿಡಿದ ದಾರಿ. ಟ್ಯಾಲೆಂಟ್ ಷೋ ಮಾಡಲೇಬೇಕು ಅನ್ನುವವರು ಅದನ್ನೇ ಬಿಡಿಸಿ ನೋಡುವುದು ಒಳ್ಳೆಯದು.

ಫೆಬ್ರವರಿ 2ರಿಂದ ಮಾರ್ಚ್ 12ರವರೆಗೆ ಎಂಟು ಕಂತು, 20 ಸ್ಪರ್ಧಿಗಳು. ಕೊನೆಗೆ ಉಳಿದವರು ಇಬ್ಬರು. ಫೈನಲ್‌ನಲ್ಲಿ ಇಬ್ಬರಿಗೂ ಮೂರು ಮೂರು ಹೊಸ ಹಾಡು: ಎರಡು ಇಬ್ಬರಿಗೂ ಸಾಮಾನ್ಯ, ಒಂದು ಅವರವರಿಗೇ ಬೇರೆ. ಯಾರಿಗೆ ಯಾವ ಹಾಡು ಒಪ್ಪುತ್ತದೆ ಎಂದು ಮೊದಲು ಜನ ಓಟು ಹಾಕಿದರು. ಆಮೇಲೆ ಆ ಎರಡು ಜೋಡಿಗಳ ನಡುವೆ ಇನ್ನೊಂದು ಓಟು. ಒಂದೇ ಹಾಡನ್ನು ಎರಡು ದನಿಯಲ್ಲಿ ಕೇಳಿದಾಗ ಯಾರ ಬಾಯಲ್ಲಿ ಅದು ಕುಳಿತುಕೊಳ್ಳುತ್ತದೆ ಎಂದು ಯಾರಿಗಾದರೂ ಗೊತ್ತಾಗುತ್ತದೆ. ಲೆನಾ ಮೈಯರ್-ಲಾಂಡ್ರೂಟ್ 'ಸ್ಯಾಟಲೈಟ್' ಹಾಡಿನೊಂದಿಗೆ ಆ ವರ್ಷದ ಯೂರೋವಿಷನ್‌ಗೆ ಓಸ್ಲೋಗೆ ಹೋಗಿ 246 ಅಂಕ ಗಳಿಸಿ ಗೆದ್ದರು.

ದಿನಗಳನ್ನು ಹಿಂದಿನಿಂದ ಎಣಿಸಿ. ಹಾಡು ಮಾರ್ಚ್ ಮಧ್ಯದೊಳಗೆ ಒಪ್ಪಿಸಬೇಕು. ಗೆದ್ದವರಿಗೆ ಆಮೇಲೆ ಹಾಡು ಬರೆಸುವ ಯೋಚನೆ ಇದ್ದರೆ ಷೋ ಜನವರಿಯೊಳಗೇ ಮುಗಿಯಲಿ. ಬರೆಯಲು, ಶ್ರುತಿ ಹೊಂದಿಸಲು, ರೆಕಾರ್ಡ್ ಮಾಡಿ ಮಿಕ್ಸ್ ಮುಗಿಸಲು ಆರು ವಾರವಾದರೂ ಬೇಕು. ಇನ್ನೊಂದು ದಿನಾಂಕ ನೆನಪಿರಲಿ: ಹಿಂದಿನ ಸೆಪ್ಟೆಂಬರ್ 1ಕ್ಕೂ ಮೊದಲು ಬಿಡುಗಡೆಯಾದ ಹಾಡು ನಡೆಯುವುದಿಲ್ಲ.

ಉಳಿದ ನಿಯಮಗಳನ್ನು ಆಡಿಷನ್ ಅರ್ಜಿಯಲ್ಲೇ ಬರೆದುಬಿಡಿ. ಸ್ಪರ್ಧೆಯ ಹೊತ್ತಿಗೆ 16 ವರ್ಷ ತುಂಬಿರಬೇಕು. ವೇದಿಕೆ ಮೇಲೆ ಆರು ಜನಕ್ಕಿಂತ ಹೆಚ್ಚಿರಬಾರದು. ಮುಖ್ಯ ದನಿ ಲೈವ್ ಇರಬೇಕು. ಹಿನ್ನೆಲೆ ದನಿಗಳನ್ನು ಮಾತ್ರ 2021ರಿಂದ ಟ್ರ್ಯಾಕ್‌ನಲ್ಲಿ ಹಾಕಿಕೊಳ್ಳಬಹುದು. ನಿಮ್ಮ ಷೋದಲ್ಲೂ ಇದೇ ಅಳತೆ ಇಟ್ಟುಕೊಳ್ಳಿ. ಮೆಲೋಡಿಫೆಸ್ಟಿವಾಲೆನ್‌ನಲ್ಲಿ ಎಂಟು ಜನರಿಗೆ ಅವಕಾಶವಿದೆ. ಎಂಟು ಜನರ ಕುಣಿತದಿಂದ ಗೆದ್ದ ಹಾಡಿನಲ್ಲಿ ಆಮೇಲೆ ಇಬ್ಬರನ್ನು ಕೈಬಿಡಬೇಕಾದಾಗ ಕುಣಿತವನ್ನೇ ಹೊಸದಾಗಿ ಕಟ್ಟಬೇಕಾಗುತ್ತದೆ.

ಟ್ಯಾಲೆಂಟ್ ಷೋಗಳಲ್ಲಿ ಹಾಡನ್ನು ಒಂದೂವರೆ, ಎರಡು ನಿಮಿಷಕ್ಕೆ ಕತ್ತರಿಸುವುದು ವಾಡಿಕೆ. ಅಲ್ಲಿ ಮಿಂಚಿದವರ ಉಸಿರು ಕುಣಿಯುತ್ತಾ ಹಾಡುವಾಗ ಎರಡೂಕಾಲು ನಿಮಿಷಕ್ಕೆ ಕೈಕೊಡುವುದುಂಟು. ಸೆಮಿಫೈನಲ್‌ನಿಂದಾಚೆ ಎಲ್ಲರೂ ಪೂರ್ತಿ ಮೂರು ನಿಮಿಷ ಹಾಡಲಿ. ಹಾಡಿನ ಉದ್ದ 2 ನಿಮಿಷ 55 ಸೆಕೆಂಡಿಗೆ ನಿಲ್ಲಲಿ. 3:20ರ ಹಾಡು ಬಂದರೆ ಕೊನೆಯನ್ನು ಕತ್ತರಿಸಬೇಡಿ, ಅದು ಉಸಿರು ಕಟ್ಟಿದಂತೆ ಕೇಳುತ್ತದೆ. ಮುನ್ನುಡಿ ಸಂಗೀತವನ್ನು ನಾಲ್ಕೈದು ಸೆಕೆಂಡಿಗೆ ಇಳಿಸಿ, ಎರಡನೇ ಚರಣವನ್ನು ಅರ್ಧ ಮಾಡಿ. ಪಲ್ಲವಿ ಮೊದಲ ಸಲ 50 ಸೆಕೆಂಡಿನೊಳಗೆ ಬಂದುಬಿಡಬೇಕು.

ಇನ್ನು ಓಟಿನ ಲೆಕ್ಕ. ಜಗಳ ಹುಟ್ಟುವುದೆಲ್ಲ ಇಲ್ಲೇ. ಮೂರು ಹಾಡು ಅಂದುಕೊಳ್ಳಿ. ಜನರ ಓಟು: ಅ 48%, ಬ 30%, ಕ 22%. ತೀರ್ಪುಗಾರರ ಅಂಕ: ಬ 12, ಕ 10, ಅ 8. ಜನರ ಓಟನ್ನೂ ಸ್ಥಾನ ನೋಡಿ 12, 10, 8 ಎಂದು ಹಂಚಿದರೆ ಅ 20, ಬ 22, ಕ 18, ಬ ಗೆದ್ದಿತು. ಅದೇ 30 ಅಂಕವನ್ನು ಶೇಕಡಾವಾರು ಹಂಚಿ ನೋಡಿ: ಜನರಿಂದ ಅಗೆ 14.4, ಬಗೆ 9, ಕಗೆ 6.6. ಈಗ ಅ 22.4, ಬ 21. ಒಂದೇ ಓಟು, ಬೇರೆ ವಿಜೇತರು! ಸ್ಥಾನದ ಲೆಕ್ಕದಲ್ಲಿ 18 ಶೇಕಡಾದ ಅಂತರ ಎರಡೇ ಅಂಕಕ್ಕೆ ಕುಗ್ಗುತ್ತದೆ. ಹಾಗಂತ ಶೇಕಡಾವಾರೇ ಸರಿ ಎನ್ನುವಂತಿಲ್ಲ. ಸ್ವೀಡನ್ ಆ್ಯಪ್‌ನಲ್ಲಿ ಉಚಿತ ಓಟು ಕೊಟ್ಟಾಗ ಜನ ಎಲ್ಲರಿಗೂ ಒಂದಿಷ್ಟು ಒತ್ತಿದರು, ಹಾಡುಗಳ ನಡುವೆ ಅಂತರವೇ ಉಳಿಯಲಿಲ್ಲ. 2019ರಿಂದ ಅಲ್ಲಿ ವೀಕ್ಷಕರನ್ನು ವಯಸ್ಸಿನ ಪ್ರಕಾರ ಗುಂಪು ಮಾಡಿ, ಪ್ರತಿ ಗುಂಪೂ ಬೇರೆಯಾಗಿ ಅಂಕ ಕೊಡುವಂತೆ ಮಾಡಿದರು.

ಯಾವ ಲೆಕ್ಕವಾದರೂ ಸರಿ, ಮೊದಲೇ ಉದಾಹರಣೆ ಸಮೇತ ಪ್ರಕಟಿಸಿ. ಸ್ಪೇನಿನ 2022ರ ಆಯ್ಕೆ ಸ್ಪರ್ಧೆಯಾದ ಬೆನಿಡಾರ್ಮ್ ಫೆಸ್ಟ್‌ನಲ್ಲಿ ಫೋನ್ ಓಟಿನಲ್ಲೂ ಸಾಮಾನ್ಯ ವೀಕ್ಷಕರ ಮಾದರಿ ಗುಂಪಿನಲ್ಲೂ ಮೊದಲಿದ್ದ ತಂಡ ಒಟ್ಟಾರೆ ಮೂರನೆಯದಾಯಿತು. ಅರ್ಧ ಅಂಕ ವೃತ್ತಿಪರ ತೀರ್ಪುಗಾರರ ಕೈಯಲ್ಲಿತ್ತು. ಗದ್ದಲ ವಾರಗಟ್ಟಲೆ ನಡೆಯಿತು. ಆದರೆ ಆ ತೀರ್ಪುಗಾರರು ಎತ್ತಿಹಿಡಿದ ಗಾಯಕಿ ಶನೆಲ್ ಯೂರೋವಿಷನ್‌ನಲ್ಲಿ 3ನೇ ಸ್ಥಾನ ಪಡೆದರು ಅನ್ನುವುದೂ ನಿಜ. ಹೊರದೇಶದ ತೀರ್ಪುಗಾರರನ್ನು ಕೂರಿಸುವುದು ದಂಡವಲ್ಲ. ನಿಮ್ಮ ಷೋ ನೋಡದ, ಸ್ಪರ್ಧಿಯ ಮನೆಕಥೆ ಗೊತ್ತಿಲ್ಲದ ಕಿವಿಗಳು ನಿಮ್ಮ ಬಳಿ ಇರುವುದು ಅವಷ್ಟೇ.

ಓಟಿನ ವ್ಯವಸ್ಥೆ ಕುಸಿದರೆ? ನಾರ್ವೆಯ 2020ರ ಫೈನಲ್‌ನಲ್ಲಿ ಆನ್‌ಲೈನ್ ಓಟು ಕೈಕೊಟ್ಟಾಗ ಮೊದಲ ಸುತ್ತನ್ನು 30 ಜನರ ಮೀಸಲು ತಂಡ ತೀರ್ಮಾನಿಸಿತು. ಅಂಥದ್ದೊಂದು ತಂಡವನ್ನು ನೀವೂ ಸಿದ್ಧವಿಟ್ಟುಕೊಳ್ಳಿ, ಅದು ಇದೆ ಎಂದು ಮೊದಲೇ ಹೇಳಿ. ಫಲಿತಾಂಶದ ಚೀಟಿ ಒಬ್ಬ ನಿರೂಪಕರ ಕೈಯಲ್ಲಿ ಮಾತ್ರ ಇರಲಿ: ಬ್ರಿಟನ್‌ನಲ್ಲಿ 2007ರಲ್ಲಿ ಇಬ್ಬರು ನಿರೂಪಕರು ಒಟ್ಟಿಗೇ ಬಾಯಿ ತೆರೆದು ಬೇರೆ ಬೇರೆ ಹೆಸರು ಕೂಗಿದರು.

ಒಪ್ಪಂದಕ್ಕೆ ಸಹಿ ಆಗಬೇಕಾದ್ದು ಮೊದಲ ನೇರ ಪ್ರಸಾರಕ್ಕೂ ಮುಂಚೆ, ಎಲ್ಲ ಸ್ಪರ್ಧಿಗಳಿಂದ. 2015ರಲ್ಲಿ ಜರ್ಮನಿಯ ವಿಜೇತರು ಫಲಿತಾಂಶ ಬಂದ ಅದೇ ವೇದಿಕೆಯಲ್ಲಿ ನಿಂತು ಒಲ್ಲೆ ಎಂದರು. ಎರಡನೆಯವರನ್ನು ಕಳಿಸಬೇಕಾಯಿತು, ವಿಯೆನ್ನಾದ ಯೂರೋವಿಷನ್‌ನಲ್ಲಿ ಸಿಕ್ಕಿದ್ದು ಸೊನ್ನೆ ಅಂಕ. ಉಕ್ರೇನ್‌ನಲ್ಲಿ 2019ರಲ್ಲಿ ಷರತ್ತುಗಳ ಜಗಳ ಗೆದ್ದ ಮೇಲೆ ಶುರುವಾಯಿತು. ಗೆದ್ದವರೂ ನಂತರದ ಸ್ಥಾನದವರೂ ಒಪ್ಪದೆ ದೇಶವೇ ಹಿಂದೆ ಸರಿಯಿತು. ಅದೇ ಉಕ್ರೇನ್ 2022ರಲ್ಲಿ ವಿಜೇತರು ಹೊರಬಿದ್ದಾಗ ಎರಡನೇ ಸ್ಥಾನದ ಕಲುಷ್ ಆರ್ಕೆಸ್ಟ್ರಾವನ್ನು ಕಳಿಸಿ ಗೆದ್ದಿತು. ಹಾಗಾಗಿ ಎರಡನೆಯವರ ಟ್ರ್ಯಾಕ್, ಉಡುಪು, ಪಾಸ್‌ಪೋರ್ಟ್ ಕೂಡ ಸಿದ್ಧವಿರಲಿ.

ಮಾರ್ಚ್ ನಂತರ ಉಳಿಯುವುದು ವೇದಿಕೆ ಕೆಲಸ. ಎರಡು ಹಾಡುಗಳ ನಡುವೆ ಸಾಮಾನು ಎತ್ತಿಡಲು ಸಿಗುವುದು ಸುಮಾರು 40 ಸೆಕೆಂಡು. ನಿಮ್ಮ ಮೆಟ್ಟಿಲು, ಪರದೆ, ಗಾಜಿನ ಪೆಟ್ಟಿಗೆ ಆ ಹೊತ್ತಿನಲ್ಲಿ ಬಂದು ನಿಲ್ಲುತ್ತದೆಯೇ ಎಂದು ಗಡಿಯಾರ ಹಿಡಿದು ನೋಡಿ. ತಾಲೀಮನ್ನು ಮೊಬೈಲ್ ಪರದೆಯ ಮೇಲೂ ನೋಡಿ. ಸಭಾಂಗಣದಲ್ಲಿ ಭರ್ಜರಿಯಾಗಿ ಕಾಣುವ ಬೆಳಕಿನ ಹಿಂದೆ ಹಾಡುವವರ ಮುಖವೇ ಮಸುಕಾಗಿರುವುದು ಅಲ್ಲಿ ಗೊತ್ತಾಗುತ್ತದೆ.